ಮೋಟಾರ್ ಸುಟ್ಟಿತು ಅನ್ನುವ ಮೊದಲು ಕಾರ್ಬನ್ ನೋಡಿ

ಊರು ಬಿಟ್ಟು ಬಂದ ಕನ್ನಡಿಗರ ಅಡುಗೆಮನೆಯಲ್ಲಿ ಮಿಕ್ಸಿಗೆ ಬಿಡುವಿಲ್ಲ. ಬೆಳಿಗ್ಗೆ ಕಾಯಿಚಟ್ನಿ, ಮಧ್ಯಾಹ್ನದ ಡಬ್ಬಿಗೆ ಹುಳಿಯ ಮಸಾಲೆ, ಭಾನುವಾರ ದೋಸೆ ಹಿಟ್ಟು, ಊರಿಂದ ಶೇಂಗಾ ಬಂದರೆ ಒಂದು ಡಬ್ಬ ಚಟ್ನಿಪುಡಿ. ಹೊರಗೆ ಸಿಗದ ರುಚಿಯನ್ನೆಲ್ಲ ಮನೆಯಲ್ಲೇ ಅರೆದುಕೊಳ್ಳಬೇಕಾದ ನಮ್ಮಂಥವರಿಗೆ ಅದು ನಿಂತ ದಿನ ಅರ್ಧ ಅಡುಗೆಯೇ ನಿಂತ ಹಾಗೆ. ರಿಪೇರಿ ಅಂಗಡಿಗೆ ಒಯ್ದರೆ ಪುಣೆಯಲ್ಲಾಗಲಿ ಮುಂಬೈಯಲ್ಲಾಗಲಿ ಎಷ್ಟೋ ಸಲ ಕಿವಿಗೆ ಬೀಳುವುದು ಒಂದೇ ಮಾತು: 'ಮೋಟರ್ ಜಲ್ ಗಯಾ.' ಹೊಸ ಆರ್ಮೇಚರ್‌ಗೆ ಅವರು ಹೇಳುವ ದರ ಕೇಳಿದ ಮೇಲೆ, ಅಷ್ಟು ಕೊಡುವ ಬದಲು ಹೊಸ ಮಿಕ್ಸಿಯನ್ನೇ ತರಿಸಿಬಿಡೋಣ ಎಂದು ನಾವು ಮೊಬೈಲ್ ಕೈಗೆ ತೆಗೆದುಕೊಳ್ಳುತ್ತೇವೆ.

ಆ ತೀರ್ಪು ಕೆಲವೊಮ್ಮೆ ನಿಜವೇ. ಆದರೆ ಇನ್ನೆಷ್ಟೋ ಸಲ ಒಳಗೆ ಏನೂ ಸುಟ್ಟಿರುವುದಿಲ್ಲ. ಸವೆಯಲೆಂದೇ ಇಟ್ಟಿರುವ ಒಂದು ಜೊತೆ ಕಪ್ಪು ತುಂಡುಗಳು ಸವೆದು ಮುಗಿದಿರುತ್ತವೆ, ಅಷ್ಟೇ. ಅವುಗಳ ಹೆಸರು ಕಾರ್ಬನ್ ಬ್ರಷ್. ಹೆಚ್ಚಿನ ಮಿಕ್ಸಿಗಳಿಗೆ ಒಂದು ಜೊತೆಯ ಬೆಲೆ ಒಂದು ಹೋಟೆಲ್ ಊಟಕ್ಕಿಂತ ಕಡಿಮೆ. ಎರಡು ತೀರ್ಪುಗಳ ನಡುವಿನ ವ್ಯತ್ಯಾಸವನ್ನು ಕಣ್ಣು, ಕಿವಿ, ಮೂಗು ಇದ್ದ ಯಾರು ಬೇಕಾದರೂ ಗುರುತಿಸಬಹುದು. ಅದನ್ನು ಹೇಗೆ ಗುರುತಿಸುವುದು ಎಂಬುದನ್ನು ಹೇಳುವುದೇ ಈ ವಾರದ ಬರಹದ ಉದ್ದೇಶ.

ನನ್ನ ಪರಿಚಯ ಎರಡು ಸಾಲಿನಲ್ಲಿ: ಹಾವೇರಿ ಜಿಲ್ಲೆಯವನು, ಓದಿದ್ದು ಪವರ್ ಎಲೆಕ್ಟ್ರಾನಿಕ್ಸ್‌ನಲ್ಲಿ ಎಂಟೆಕ್, ಹೊಟ್ಟೆಪಾಡು ಸಾಫ್ಟ್‌ವೇರ್. ಪುಣೆಗೆ ಬಂದು ಒಂಬತ್ತು ವರ್ಷ. ಹಗಲೆಲ್ಲ ಕಂಪ್ಯೂಟರಿನಲ್ಲಿ ಯಾರೋ ಬರೆದ ಕೋಡಿನ ತಪ್ಪು ಹುಡುಕುತ್ತೇನೆ. ಶನಿವಾರ ಮಾತ್ರ ಕೈಗೆ ಸ್ಕ್ರೂಡ್ರೈವರ್ ಬರುತ್ತದೆ. ಎರಡೂ ಕೆಲಸದಲ್ಲಿ ಪಾಠ ಒಂದೇ: ಯಂತ್ರ ಕೆಡುವ ಮೊದಲು ಹೇಳಿಯೇ ಕೆಡುತ್ತದೆ, ಕೇಳಿಸಿಕೊಳ್ಳುವವರು ಬೇಕು.

ಯಾವುದರಲ್ಲಿ ಇದೆ, ಯಾವುದರಲ್ಲಿ ಇಲ್ಲ?

ಹೈಸ್ಕೂಲಿನ ವಿಜ್ಞಾನ ಪುಸ್ತಕದಲ್ಲಿ ಬಿಡಿಸಿದ್ದ ಮೋಟಾರಿನ ಚಿತ್ರ ನೆನಪಿದೆಯೇ? ಎರಡು ಆಯಸ್ಕಾಂತಗಳ ನಡುವೆ ಒಂದು ಸುರುಳಿ, ಅದರ ತುದಿಗೆ ಎರಡು ಹೋಳಾದ ಉಂಗುರ, ಆ ಉಂಗುರವನ್ನು ಎರಡು ಕಡೆಯಿಂದ ಒತ್ತಿ ಹಿಡಿದ ಬ್ರಷ್‌ಗಳು. ಪರೀಕ್ಷೆಗೆ ಭಾಗಗಳನ್ನು ಹೆಸರಿಸಿ ನಾಲ್ಕು ಅಂಕ ತೆಗೆದುಕೊಂಡು ಮರೆತಿದ್ದೇವೆ. ನಿಮ್ಮ ಮಿಕ್ಸಿಯ ಹೊಟ್ಟೆಯಲ್ಲಿ ಇರುವುದು ಬಹುಮಟ್ಟಿಗೆ ಅದೇ ಚಿತ್ರ. ಉಂಗುರ ಎರಡು ಹೋಳಿನ ಬದಲು ಹತ್ತಾರು ತಾಮ್ರದ ಪಟ್ಟಿಗಳಾಗಿರುತ್ತದೆ. ಅದಕ್ಕೆ ಕಮ್ಯುಟೇಟರ್ ಎನ್ನುತ್ತಾರೆ. ತಿರುಗುವ ಭಾಗವೇ ಆರ್ಮೇಚರ್. ನಿಂತಿರುವ ವೈರಿನಿಂದ ತಿರುಗುತ್ತಿರುವ ಸುರುಳಿಗೆ ವಿದ್ಯುತ್ ದಾಟಿಸುವ ಕೆಲಸ ಬ್ರಷ್‌ನದು. ಹಿಂದೆ ಒಂದು ಸ್ಪ್ರಿಂಗ್ ಅದನ್ನು ಸದಾ ತಾಮ್ರದ ಮೇಲೆ ಒತ್ತುತ್ತಲೇ ಇರುತ್ತದೆ.

ಎಲ್ಲ ಮೋಟಾರಿನಲ್ಲೂ ಇದು ಇರುವುದಿಲ್ಲ. ಸೀಲಿಂಗ್ ಫ್ಯಾನ್, ಫ್ರಿಜ್, ನೀರೆತ್ತುವ ಪಂಪು, ಸಾಮಾನ್ಯವಾಗಿ ಕಲ್ಲಿನ ಟೇಬಲ್‌ಟಾಪ್ ಗ್ರೈಂಡರ್ ಕೂಡ ಇಂಡಕ್ಷನ್ ಮೋಟಾರಿನವು. ಅವುಗಳಿಗೆ ಬ್ರಷ್ ಬೇಕಿಲ್ಲ. ಆದರೆ ನಮ್ಮ 50 ಹರ್ಟ್ಸ್ ಕರೆಂಟಿನಲ್ಲಿ ಇಂಡಕ್ಷನ್ ಮೋಟಾರ್ ನೇರವಾಗಿ ನಿಮಿಷಕ್ಕೆ 3,000 ಸುತ್ತನ್ನು ದಾಟಲಾರದು. ಮಿಕ್ಸಿಯ ಬ್ಲೇಡ್ ಖಾಲಿ ಓಡುವಾಗ 18,000ದ ಆಸುಪಾಸು ತಿರುಗುತ್ತದೆ. ಅಷ್ಟು ವೇಗ, ಅದೂ ಇಷ್ಟು ಚಿಕ್ಕ ಗಾತ್ರದಲ್ಲಿ ಬೇಕೆಂದರೆ ಬ್ರಷ್ ಇರುವ ಯೂನಿವರ್ಸಲ್ ಮೋಟಾರ್ ಬೇಕು. ಹಾಗಾಗಿ ಮಿಕ್ಸಿ, ವೈರಿನ ಡ್ರಿಲ್ ಮಷಿನ್, ಆಂಗಲ್ ಗ್ರೈಂಡರ್, ಮಾರ್ಬಲ್ ಕಟರ್, ವ್ಯಾಕ್ಯೂಮ್ ಕ್ಲೀನರ್, ಹೊಲಿಗೆ ಮಷಿನ್ನಿನ ಪಕ್ಕದಲ್ಲಿ ಕೂರಿಸುವ ಪುಟ್ಟ ಮೋಟಾರ್, ಹಳೆಯ ಫ್ರಂಟ್ ಲೋಡ್ ವಾಷಿಂಗ್ ಮಷಿನ್, ಇವುಗಳಲ್ಲೆಲ್ಲ ಸಾಮಾನ್ಯವಾಗಿ ಕಾರ್ಬನ್ ಇರುತ್ತದೆ. ಕಾರಿನ ಸ್ಟಾರ್ಟರ್ ಮೋಟಾರಿನಲ್ಲೂ ಇದೆ.

ನಾವು ಊರಿಗೆ ಹೋಗುವ ರೈಲಿನಲ್ಲೂ ಇರಬಹುದು. ಡಬ್ಲ್ಯುಎಪಿ–4 ಎಂಜಿನ್ನಿನ ಚಕ್ರ ತಿರುಗಿಸುವುದು ಬ್ರಷ್ ಇರುವ ಡಿಸಿ ಮೋಟಾರುಗಳು. ಡಬ್ಲ್ಯುಎಪಿ–7ರಲ್ಲಿರುವುದು ತ್ರೀ–ಫೇಸ್ ಇಂಡಕ್ಷನ್ ಮೋಟಾರ್, ಅದಕ್ಕೆ ಬ್ರಷ್ ಇಲ್ಲ. ಲೋಕೋ ಶೆಡ್ಡುಗಳಲ್ಲಿ ಹಳೆಯ ಎಂಜಿನ್ನುಗಳ ಬ್ರಷ್ ಅಳೆದು ನೋಡುವುದು ನಿತ್ಯದ ಕೆಲಸ. ಅಷ್ಟು ದೊಡ್ಡ ಯಂತ್ರಕ್ಕೆ ಇರುವ ಶಿಸ್ತು ನಮ್ಮ ಮಿಕ್ಸಿಗೆ ಇಲ್ಲ ಅಷ್ಟೇ.

ಸವೆಯುವುದೇ ಅದರ ಧರ್ಮ

ಮೊದಲ ಕಾಲದ ಮೋಟಾರು, ಡೈನಮೋಗಳಲ್ಲಿ ತಾಮ್ರದ ತಂತಿಗಳ ಕಟ್ಟು ಉಂಗುರಕ್ಕೆ ಉಜ್ಜುತ್ತಿತ್ತು. ನೋಡಲು ಬ್ರಷ್‌ನಂತೆಯೇ ಇದ್ದುದರಿಂದ ಆ ಹೆಸರು ಬಂತು. ತಾಮ್ರ ತಾಮ್ರಕ್ಕೆ ಉಜ್ಜಿದರೆ ಕಿಡಿ ಜಾಸ್ತಿ, ಎರಡೂ ಹಾಳು. 1885ರಲ್ಲಿ ಸ್ಕಾಟ್ಲೆಂಡಿನ ಎಂಜಿನಿಯರ್ ಜಾರ್ಜ್ ಫೋರ್ಬ್ಸ್ ತಾಮ್ರದ ಬದಲು ಕಾರ್ಬನ್ ಬಳಸುವ ಉಪಾಯಕ್ಕೆ ಪೇಟೆಂಟ್ ಪಡೆದ. ಮುಂದೆ ನಯಾಗರ ಜಲಪಾತದ ವಿದ್ಯುತ್ ಯೋಜನೆಗೆ ಸಲಹೆಗಾರನಾಗಿದ್ದವನೂ ಅವನೇ. ಬ್ರಷ್ ರೂಪ ಹೋಗಿ ಇಟ್ಟಿಗೆಯಂಥ ಪುಟ್ಟ ತುಂಡಾಯಿತು, ಹೆಸರು ಮಾತ್ರ ಉಳಿಯಿತು.

ಕಾರ್ಬನ್ನಿನ ಹೆಚ್ಚುಗಾರಿಕೆ ಏನೆಂದರೆ ಅದು ವಿದ್ಯುತ್ ದಾಟಿಸುತ್ತದೆ, ಜೊತೆಗೆ ತಾನೇ ಎಣ್ಣೆಯ ಕೆಲಸವನ್ನೂ ಮಾಡುತ್ತದೆ. ಪೆನ್ಸಿಲ್ಲಿನ ಕಡ್ಡಿಯಲ್ಲಿರುವ ಗ್ರಾಫೈಟೇ ಇಲ್ಲೂ ಇರುವುದು. ಪೆನ್ಸಿಲ್ ಕಾಗದದ ಮೇಲೆ ಜಾರುತ್ತ ಒಂದು ಪದರ ಬಿಟ್ಟು ಹೋಗುವ ಹಾಗೆ, ಬ್ರಷ್ ಕೂಡ ತಾಮ್ರದ ಮೇಲೆ ಕಂದು ಬಣ್ಣದ ತೆಳು ಪದರ ಹಚ್ಚುತ್ತ ಹೋಗುತ್ತದೆ. ಆ ಪದರ ಕೂಡಲು ಗಾಳಿಯ ತೇವವೂ ಬೇಕು. ಎರಡನೇ ಮಹಾಯುದ್ಧದ ಕಾಲದಲ್ಲಿ ವಿಮಾನಗಳು ತೀರಾ ಎತ್ತರಕ್ಕೆ ಹಾರತೊಡಗಿದಾಗ, ಅಲ್ಲಿನ ಒಣ ಗಾಳಿಯಲ್ಲಿ ಅವುಗಳ ಜನರೇಟರಿನ ಬ್ರಷ್‌ಗಳು ಬಹಳ ಬೇಗ ಪುಡಿಪುಡಿಯಾದವು. ಕಾರಣ ಹುಡುಕಿದಾಗ ಕಂಡದ್ದು ಗಾಳಿಯಲ್ಲಿ ನೀರಿನಾವಿ ಇಲ್ಲದಿರುವುದು. ಬ್ರಷ್‌ಗೆ ಬೇರೆ ವಸ್ತುಗಳನ್ನು ಬೆರೆಸಿ ಅದನ್ನು ಸರಿಪಡಿಸಬೇಕಾಯಿತು.

ಇಲ್ಲಿ ಮುಖ್ಯ ಮಾತು ಒಂದಿದೆ. ತಾಮ್ರದ ಕಮ್ಯುಟೇಟರ್ ಉಳಿಯಲಿ ಎಂದು ಮೆತ್ತಗಿನ ಕಾರ್ಬನ್ ಸವೆಯುತ್ತದೆ. ಸೈಕಲ್ಲಿನ ಬ್ರೇಕ್ ರಬ್ಬರ್ ಸವೆದು ಚಕ್ರವನ್ನು ಉಳಿಸುವುದಿಲ್ಲವೇ, ಹಾಗೆ. ಆದ್ದರಿಂದ ಕಾರ್ಬನ್ ಸವೆದಿದೆ ಎಂದರೆ ಯಂತ್ರ ಕೆಟ್ಟಿದೆ ಎಂದರ್ಥವಲ್ಲ. ಅದು ತನ್ನ ಕೆಲಸ ಮುಗಿಸಿದೆ, ಬದಲಿಸಿ ಎನ್ನುತ್ತಿದೆ. ಸಮಯಕ್ಕೆ ಬದಲಿಸದೆ ಓಡಿಸಿದರೆ ಮಾತ್ರ ಸವೆತ ತಾಮ್ರಕ್ಕೆ ದಾಟುತ್ತದೆ. ಆಗ ಅಂಗಡಿಯವನ ತೀರ್ಪು ನಿಜವಾಗುತ್ತದೆ.

ಮೆಟ್ಟಿಲ ಮೇಲೆ ಕೂತಿದ್ದ ಹುಡುಗ

ಕಳೆದ ವರ್ಷ ನಮ್ಮ ಅಪಾರ್ಟ್‌ಮೆಂಟಿನ ಮೂರನೇ ಮಹಡಿಯಲ್ಲಿ ಟೈಲ್ಸ್ ಕೆಲಸ ನಡೆದಿತ್ತು. ಪುಣೆ, ಮುಂಬೈಯ ಕಟ್ಟಡ ಕೆಲಸಗಳಲ್ಲಿ ಕಲಬುರಗಿ, ಯಾದಗಿರಿ, ವಿಜಯಪುರ ಕಡೆಯ ನಮ್ಮವರು ಎಷ್ಟು ಜನ ಇದ್ದಾರೆ ಎಂಬುದು ಇಲ್ಲಿರುವ ಎಲ್ಲರಿಗೂ ಗೊತ್ತು. ಲಿಫ್ಟ್ ಕೆಟ್ಟಿದ್ದರಿಂದ ಮೆಟ್ಟಿಲು ಹತ್ತುತ್ತಿದ್ದಾಗ ಕನ್ನಡ ಕೇಳಿತು. ಇಪ್ಪತ್ತೆರಡು–ಇಪ್ಪತ್ಮೂರರ ಹುಡುಗ, ಅಫಜಲಪುರದ ಕಡೆಯವನು, ಮಾರ್ಬಲ್ ಕಟರನ್ನು ತೊಡೆಯ ಮೇಲಿಟ್ಟುಕೊಂಡು ಫೋನಿನಲ್ಲಿ ಮಾತಾಡುತ್ತಿದ್ದ. ಮಾತು ಮುಗಿದ ಮೇಲೆ ಕೇಳಿದೆ.

'ಮಷಿನ್ ನಿಂತ್ ಬಿಟ್ಟದ ಸರ. ಅಂಗಡ್ಯಾಂವ ಆರ್ಮೇಚರ್ ಹೋಗ್ಯದ ಅಂತಾನ. ಹದಿನೈದ್ ನೂರು ಕೇಳ್ತಾನ. ಮಷಿನ್ ನಂದೇ ಅದ, ಕಂತ್ರಾಟದಾರ ಕೊಡಂಗಿಲ್ಲ.'

'ನಿಲ್ಲೂದಕ್ಕ ಮೊದಲ ಹೆಂಗಿತ್ತು?'

'ನಾಕು ದಿನ ಆಯ್ತು ಸರ. ಮೊದಲ ಒಂದ್ ಸರ್ತಿ ಬಡದ್ರ ಸುರು ಆಗ್ತಿತ್ತು. ನಿನ್ನಿಗಿ ಮೂರ್ ಸರ್ತಿ ಬಡೀಬೇಕಾಯ್ತು. ಇವತ್ತ ಎಷ್ಟ್ ಬಡದ್ರೂ ಇಲ್ಲ.'

'ಸುಟ್ಟ ವಾಸನಿ? ಹೊಗಿ?'

'ಹೊಗಿ ಏನಿಲ್ಲ ಸರ. ಒಳಗ ಕಿಡಿ ಭಾಳ ಕಾಣ್ತಿದ್ವು.'

ನಾಲ್ಕು ಸಾಲಿನಲ್ಲಿ ಆ ಹುಡುಗ ರೋಗದ ಇಡೀ ಚರಿತ್ರೆಯನ್ನು ಹೇಳಿದ್ದ. ಬಡಿದರೆ ಶುರುವಾಗುತ್ತದೆ ಎಂದರೆ ಬಡಿದಾಗ ಗಿಡ್ಡಾದ ಕಾರ್ಬನ್ ಒಂದಿಷ್ಟು ಮುಂದೆ ಜರುಗಿ ತಾಮ್ರಕ್ಕೆ ತಾಗುತ್ತಿದೆ ಎಂದರ್ಥ. ದಿನದಿಂದ ದಿನಕ್ಕೆ ಹೆಚ್ಚು ಬಡಿಯಬೇಕು ಎಂದರೆ ಕಾರ್ಬನ್ ದಿನದಿಂದ ದಿನಕ್ಕೆ ಗಿಡ್ಡಾಗುತ್ತಿದೆ. ಕಟರಿನ ಎರಡು ಮಗ್ಗುಲಲ್ಲಿ ದೊಡ್ಡ ಸ್ಕ್ರೂನಂಥ ಕಪ್ಪು ಮುಚ್ಚಳಗಳಿದ್ದವು. ಬಿಚ್ಚಿದೆವು. ಒಂದು ಕಡೆಯಿಂದ ಬಂದದ್ದು ಕಿರುಬೆರಳಿನ ಉಗುರಿನಷ್ಟು ಕಾರ್ಬನ್. ಇನ್ನೊಂದು ಕಡೆಯದು ಧೂಳಿನಲ್ಲಿ ಸಿಕ್ಕಿಕೊಂಡು ಅಲ್ಲಾಡುತ್ತಲೇ ಇರಲಿಲ್ಲ. ರಸ್ತೆಯಾಚೆಯ ಹಾರ್ಡ್‌ವೇರ್ ಅಂಗಡಿಯಲ್ಲಿ ಅದೇ ಅಳತೆಯ ಜೊತೆಗೆ ಎಂಬತ್ತು ರೂಪಾಯಿ. ಹಾಕಿದ ಮೇಲೆ ಮಷಿನ್ ಓಡಿತು. ಅವತ್ತಿನ ಅರ್ಧ ಹಾಜರಿ ಉಳಿಯಿತು.

ಅವನ ಜೊತೆಗಾರನೂ ತನ್ನ ಗ್ರೈಂಡರ್ ತಂದು ತೋರಿಸಿದ. ಅದರಲ್ಲಿ ಕಾರ್ಬನ್ ಪೂರ್ತಿ ಮುಗಿದು, ಹಿಂದಿನ ಸ್ಪ್ರಿಂಗೇ ತಾಮ್ರಕ್ಕೆ ಉಜ್ಜಿ ಗೀರು ಬಿದ್ದಿತ್ತು, ಎರಡು ಮೂರು ಪಟ್ಟಿಗಳು ಕರಗಿ ಹೋಗಿದ್ದವು. ಅದಕ್ಕೆ ನಿಜವಾಗಿಯೂ ಆರ್ಮೇಚರ್ ಬೇಕಿತ್ತು. ಎರಡು ಯಂತ್ರಗಳು, ರೋಗ ಒಂದೇ. ಒಂದಕ್ಕೆ ಎಂಬತ್ತು ರೂಪಾಯಿ, ಇನ್ನೊಂದಕ್ಕೆ ಎರಡು ಮೂರು ದಿನದ ದುಡಿಮೆ. ನಡುವೆ ಇದ್ದದ್ದು ಗಮನ ಮಾತ್ರ.

ಬಿಚ್ಚುವ ಮೊದಲೇ ಕಾಣುವ ಲಕ್ಷಣಗಳು

ಮೊದಲು ಕಿಡಿ. ಮಿಕ್ಸಿ ಅಥವಾ ಡ್ರಿಲ್ಲಿನ ಗಾಳಿ ಕಿಂಡಿಯೊಳಗೆ, ಕತ್ತಲಲ್ಲಿ ನೋಡಿದರೆ, ಬ್ರಷ್ ತಾಗುವ ಜಾಗದಲ್ಲಿ ಸಣ್ಣ ನೀಲಿ ಕಿಡಿಗಳು ಕಾಣುತ್ತವೆ. ಅವು ಸಹಜ, ಗಾಬರಿ ಬೇಡ. ಕಿಡಿ ದೊಡ್ಡದಾಗಿ, ಹಳದಿ–ಕಿತ್ತಳೆ ಬಣ್ಣಕ್ಕೆ ತಿರುಗಿ, ಉಂಗುರದ ಸುತ್ತ ಹರಡಿದಂತೆ ಕಂಡರೆ ಎಚ್ಚರಿಕೆ. ಬ್ರಷ್ ಸರಿಯಾಗಿ ಕೂರುತ್ತಿಲ್ಲ, ಇಲ್ಲವೇ ತಾಮ್ರವೇ ಒರಟಾಗಿದೆ.

ಎರಡನೆಯದು ಶಬ್ದ. ಒಂದೇ ಶ್ರುತಿಯಲ್ಲಿ ಓಡುತ್ತಿದ್ದ ಯಂತ್ರ ನಡುನಡುವೆ ತಡವರಿಸುತ್ತದೆ, ಚಟಚಟ ಎನ್ನುತ್ತದೆ, ವೇಗ ಏರಿಳಿಯುತ್ತದೆ. ಒಂದೇ ಹದದ ಕಾಯಿತುರಿ ಅರೆಯಲು ಮೊದಲಿಗಿಂತ ಹೆಚ್ಚು ಹೊತ್ತು ಹಿಡಿದರೆ, ಜಾರಿನ ಬ್ಲೇಡ್ ಮೊಂಡಾಗಿದೆಯೇ ನೋಡಿ. ಬ್ಲೇಡ್ ಸರಿ ಇದ್ದರೆ ಕಾರ್ಬನ್ನಿನ ಮೇಲೆ ಅನುಮಾನ ಪಡಿ.

ಮೂರನೆಯದು ವಾಸನೆ ಮತ್ತು ಪುಡಿ. ಗಾಳಿ ಕಿಂಡಿಯ ಸುತ್ತ ಮಸಿಯಂಥ ಕಪ್ಪು ಪುಡಿ ಕೂತಿದ್ದರೆ ಅದು ಸವೆದ ಕಾರ್ಬನ್. ಸ್ವಲ್ಪ ಇದ್ದರೆ ಸಹಜ, ಒರೆಸಿದ ಒಂದೆರಡು ವಾರದಲ್ಲೇ ಮತ್ತೆ ಕೂತರೆ ಸವೆತ ವಿಪರೀತವಾಗಿದೆ. ಕಿಡಿ ಹಾರುವಾಗ ಬರುವ ತೀಕ್ಷ್ಣ ವಾಸನೆ ಒಂದು ಬಗೆ. ವೈರಿನ ವಾರ್ನಿಷ್ ಸುಟ್ಟ ಕಮಟು ಹೊಗೆ ಇನ್ನೊಂದು ಬಗೆ. ಎರಡನೆಯದು ಬಂದರೆ ತಕ್ಷಣ ಆರಿಸಿ, ಅದು ಸುರುಳಿಯದೇ ತೊಂದರೆ. ಒಳಗೆ ಕೂತ ಕಾರ್ಬನ್ ಪುಡಿ ವಿದ್ಯುತ್ ವಾಹಕ ಎಂಬುದನ್ನೂ ಮರೆಯಬೇಡಿ. ಅದು ಹೆಚ್ಚಾದರೆ ಕರೆಂಟ್ ಸೋರಿ ಮನೆಯ ಆರ್‌ಸಿಸಿಬಿ ಬೀಳಬಹುದು. ಡ್ರಿಲ್ ಹಾಕಿದಾಗಲೆಲ್ಲ ಅದು ಬೀಳುತ್ತಿದ್ದರೆ ಮತ್ತೆ ಮತ್ತೆ ಎತ್ತಬೇಡಿ, ಯಂತ್ರವನ್ನು ಬಿಚ್ಚಿಸಿ ತೋರಿಸಿ.

ನಾಲ್ಕನೆಯದು ಆ ಹುಡುಗ ಹೇಳಿದ್ದು: ತಟ್ಟಿದರೆ, ಅಲುಗಿಸಿದರೆ, ಓರೆ ಮಾಡಿದರೆ ಶುರುವಾಗುವುದು. ಇದು ಹೆಚ್ಚಾಗಿ ಕೊನೆಯ ಹಂತ. ತಟ್ಟುವುದು ಅಭ್ಯಾಸವಾದ ಮೇಲೆ ನಮಗೆ ಅದು ಲಕ್ಷಣ ಎಂದೇ ಅನ್ನಿಸುವುದಿಲ್ಲ, ಯಂತ್ರದ ಸ್ವಭಾವ ಎಂದುಕೊಳ್ಳುತ್ತೇವೆ.

ಐದನೆಯದು ಯಾವ ಸೂಚನೆಯೂ ಇಲ್ಲದೆ ಗಪ್ಪನೆ ನಿಲ್ಲುವುದು. ಕೆಲವು ಒಳ್ಳೆಯ ಪವರ್ ಟೂಲ್‌ಗಳ ಬ್ರಷ್‌ನ ಒಳಗೇ ಒಂದು ಪುಟ್ಟ ಸ್ಪ್ರಿಂಗ್ ಮತ್ತು ವಿದ್ಯುತ್ ಹರಿಯದ ಮೊಳೆ ಇರುತ್ತದೆ. ಸವೆತ ಮಿತಿ ಮುಟ್ಟಿದ ಕೂಡಲೇ ಮೊಳೆ ಹೊರಚಾಚಿ ಬ್ರಷ್ಷನ್ನು ತಾಮ್ರದಿಂದ ಎತ್ತಿಬಿಡುತ್ತದೆ. ಕಮ್ಯುಟೇಟರ್ ಉಳಿಸಲು ಮಾಡಿದ ಏರ್ಪಾಡು ಇದು. ಇಂಥ ಯಂತ್ರ ನಿಂತರೆ ಅದಕ್ಕೆ ಕೋಪಿಸಿಕೊಳ್ಳಬೇಡಿ, ಅದು ನಿಮ್ಮ ದುಡ್ಡು ಉಳಿಸಿದೆ.

ಮೌನವೂ ಗುಂಯ್‌ಗುಡುವಿಕೆಯೂ ಬೇರೆ

ಕಾರ್ಬನ್ ಅಲ್ಲದ ಕಾರಣಗಳನ್ನೂ ಬೇರ್ಪಡಿಸಬೇಕು. ಮಿಕ್ಸಿ ನಡುವೆ ನಿಂತರೆ ಮೊದಲು ಸ್ವಿಚ್ ಆರಿಸಿ, ಪ್ಲಗ್ ತೆಗೆದು, ಅಡಿಯಲ್ಲಿರುವ ಕೆಂಪು ಗುಂಡಿಯನ್ನು ನೋಡಿ. ಹೊರೆ ಹೆಚ್ಚಾದಾಗ ಅದು ಹೊರಗೆ ಬಂದು ಕರೆಂಟ್ ಕಡಿಯುತ್ತದೆ. ಐದು ಹತ್ತು ನಿಮಿಷ ಆರಲು ಬಿಟ್ಟು ಒತ್ತಿದರೆ ಸರಿಹೋಗುತ್ತದೆ. ಅರ್ಧಕ್ಕಿಂತ ಹೆಚ್ಚು ಗಟ್ಟಿ ಹಿಟ್ಟು ತುಂಬಿದ್ದಿರಾ ಎಂದು ಕೇಳಿಕೊಳ್ಳಿ.

ಗುಂಡಿ ಒಳಗೇ ಇದ್ದರೆ ಕಿವಿಗೊಡಿ. ಯೂನಿವರ್ಸಲ್ ಮೋಟಾರಿನಲ್ಲಿ ಕರೆಂಟಿಗೆ ಒಂದೇ ದಾರಿ. ಒಂದು ಫೀಲ್ಡ್ ಕಾಯಿಲ್, ಒಂದು ಬ್ರಷ್, ಆರ್ಮೇಚರ್, ಇನ್ನೊಂದು ಬ್ರಷ್, ಇನ್ನೊಂದು ಫೀಲ್ಡ್ ಕಾಯಿಲ್, ಹೀಗೆ ಒಂದರ ಹಿಂದೆ ಒಂದು. ಒಂದು ಬ್ರಷ್ ತಾಗದಿದ್ದರೂ ಇಡೀ ದಾರಿ ಮುಚ್ಚಿ ಯಂತ್ರ ಪೂರ್ತಿ ಮೌನವಾಗುತ್ತದೆ. ಗುಂಯ್ ಎನ್ನುತ್ತಿದೆ ಆದರೆ ತಿರುಗುತ್ತಿಲ್ಲ ಎಂದರೆ ಕರೆಂಟ್ ಹರಿಯುತ್ತಿದೆ, ಬೇರಿಂಗ್ ಅಥವಾ ಜಾರಿನ ಬುಶ್ ಬಿಗಿದಿದೆ. ಜಾರ್ ತೆಗೆದು ಓಡಿಸಿದರೆ ಅದು ಗೊತ್ತಾಗುತ್ತದೆ. ಮೌನವಾದರೆ ಅನುಮಾನಿಸಬೇಕಾದವು ಮೂರು: ವೈರು, ಸ್ವಿಚ್, ಕಾರ್ಬನ್. ಪಕ್ಕದ ಉದಾಹರಣೆಗೆ ಸೀಲಿಂಗ್ ಫ್ಯಾನ್ ತೆಗೆದುಕೊಳ್ಳಿ. ಅದು ಗುಂಯ್ ಎಂದು ನಿಂತಿದ್ದು, ಕೋಲಿನಿಂದ ತಳ್ಳಿದರೆ ತಿರುಗುತ್ತದೆ ಎಂದರೆ ಹೆಚ್ಚಾಗಿ ಕೆಪಾಸಿಟರ್ ಹೋಗಿದೆ. ಅಲ್ಲಿ ಕಾರ್ಬನ್ ಹುಡುಕಿದರೆ ಸಿಗುವುದಿಲ್ಲ.

ಮನೆಯಲ್ಲಿ ಮಲ್ಟಿಮೀಟರ್ ಇದ್ದರೆ ಇನ್ನೊಂದು ಪರೀಕ್ಷೆ. ಪ್ಲಗ್ ಗೋಡೆಯಿಂದ ಹೊರಗಿರಲಿ. ಯಂತ್ರದ ಸ್ವಿಚ್ ಹಾಕಿ, ಪ್ಲಗ್‌ನ ಎರಡು ಚಿಕ್ಕ ಪಿನ್ನುಗಳ ನಡುವೆ ಓಮ್ ಅಳೆಯಿರಿ. ವೇಗ ನಿಯಂತ್ರಿಸುವ ಎಲೆಕ್ಟ್ರಾನಿಕ್ ಸ್ವಿಚ್ ಇಲ್ಲದ ಸಾದಾ ಯಂತ್ರವಾದರೆ ಕೆಲವೇ ಓಮ್‌ನಿಂದ ಕೆಲವು ಹತ್ತು ಓಮ್ ತೋರಿಸಬೇಕು. ದಾರಿ ಕಡಿದಿದೆ ಎಂದು ತೋರಿಸಿ, ಕೈಯಿಂದ ಮೋಟಾರನ್ನು ಮೆಲ್ಲಗೆ ತಿರುಗಿಸಿದಾಗ ಒಮ್ಮೆ ಅಂಕಿ ಬಂದು ಒಮ್ಮೆ ಮಾಯವಾದರೆ ಕಾರ್ಬನ್ ಅಥವಾ ಕಮ್ಯುಟೇಟರ್ ಎಂದೇ ಹಿಡಿಯಬಹುದು.

ಬಿಚ್ಚಿದ ಮೇಲೆ ಏನು ನೋಡಬೇಕು?

ಸ್ವಿಚ್ ಆರಿಸಿದರೆ ಸಾಲದು, ಪ್ಲಗ್ ಗೋಡೆಯಿಂದ ಹೊರಗೆ ಬಂದಿರಬೇಕು. ಇದರಲ್ಲಿ ರಾಜಿಯಿಲ್ಲ. ವಾರಂಟಿ ಇದ್ದರೆ ಬಿಚ್ಚಬೇಡಿ, ಸರ್ವಿಸ್ ಸೆಂಟರಿಗೇ ಒಯ್ಯಿರಿ. ಬಹಳಷ್ಟು ಡ್ರಿಲ್, ಕಟರ್, ಹೊಲಿಗೆ ಮೋಟಾರುಗಳಲ್ಲಿ ಹೊರಗಿನಿಂದಲೇ ಬಿಚ್ಚುವ ಮುಚ್ಚಳ ಇರುತ್ತದೆ. ಮಿಕ್ಸಿಯಲ್ಲಿ ಸಾಮಾನ್ಯವಾಗಿ ಅಡಿಯ ಪ್ಲೇಟ್ ತೆಗೆಯಬೇಕು. ಕೈ ಹಿಡಿತವಿಲ್ಲ ಅನ್ನಿಸಿದರೆ ಅಂಗಡಿಗೇ ಕೊಡಿ. ಏನು ಕೇಳಬೇಕು ಎಂಬುದು ಗೊತ್ತಿದ್ದರೂ ಅರ್ಧ ಕೆಲಸ ಆದಂತೆ.

ಬ್ರಷ್ ಹೊರತೆಗೆಯುವಾಗ ಯಾವ ಮುಖ ಯಾವ ಕಡೆ ಇತ್ತು ಎಂದು ಮೊಬೈಲಿನಲ್ಲಿ ಫೋಟೊ ತೆಗೆದುಕೊಳ್ಳಿ. ಓಡಿ ಓಡಿ ಅದರ ತುದಿ ತಾಮ್ರದ ದುಂಡಿಗೆ ತಕ್ಕಂತೆ ಬಾಗಿರುತ್ತದೆ. ತಿರುಗಿಸಿ ಹಾಕಿದರೆ ಕಿಡಿ ಹೆಚ್ಚುತ್ತದೆ.

ಮೊದಲು ಉದ್ದ ಅಳೆಯಿರಿ. ಎಷ್ಟೋ ಬ್ರಷ್‌ಗಳ ಮೈಮೇಲೆ ಮಿತಿಯ ಗೆರೆ ಇರುತ್ತದೆ, ಸವೆತ ಅಲ್ಲಿಗೆ ಬಂದರೆ ಬದಲಿಸಬೇಕು. ಗೆರೆ ಇಲ್ಲದಿದ್ದರೆ ವಾಡಿಕೆಯ ಲೆಕ್ಕ, ಹೊಸದರ ಮೂರನೇ ಒಂದು ಭಾಗಕ್ಕೆ ಇಳಿದಿದ್ದರೆ ಅಥವಾ ಐದಾರು ಮಿಲಿಮೀಟರ್ ಮಾತ್ರ ಉಳಿದಿದ್ದರೆ ಬದಲಿಸುವುದು. ಎರಡೂ ಒಂದೇ ಉದ್ದ ಇರದಿದ್ದರೆ, ಒಂದು ಕಡೆಯ ಸ್ಪ್ರಿಂಗ್ ಸೋತಿರಬಹುದು, ಇಲ್ಲವೇ ಬ್ರಷ್ ತನ್ನ ಗೂಡಿನಲ್ಲಿ ಸಿಕ್ಕಿಕೊಳ್ಳುತ್ತಿರಬಹುದು.

ಮುಖ ನೋಡಿ. ನಯವಾಗಿ ಹೊಳೆಯುತ್ತಿದ್ದರೆ ಆರೋಗ್ಯ. ಅಂಚು ಒಡೆದಿದ್ದರೆ, ಕುಳಿ ಬಿದ್ದಿದ್ದರೆ, ಸುಟ್ಟ ಗುರುತಿದ್ದರೆ, ಉದ್ದ ಉಳಿದಿದ್ದರೂ ಬದಲಿಸಿ. ಹಿಂದಿನ ಹೆಣೆದ ತಾಮ್ರದ ತಂತಿ ಕಡಿದಿದೆಯೇ, ಬಣ್ಣಗೆಟ್ಟಿದೆಯೇ ನೋಡಿ. ಅದು ಕಡಿದರೆ ಕರೆಂಟ್ ಸ್ಪ್ರಿಂಗ್ ಮೂಲಕ ಹರಿದು ಸ್ಪ್ರಿಂಗ್ ಕಾದು ಮೆತ್ತಗಾಗುತ್ತದೆ. ನೀಲಿ ಬಣ್ಣಕ್ಕೆ ತಿರುಗಿದ ಸ್ಪ್ರಿಂಗ್ ಕಂಡರೆ ಅದರ ಬಿಗಿ ಹೋಗಿದೆ ಎಂದು ತಿಳಿಯಿರಿ.

ಕೊನೆಗೆ ಟಾರ್ಚ್ ಹಾಕಿ ತಾಮ್ರದ ಕಮ್ಯುಟೇಟರ್ ನೋಡಿ, ಮೋಟಾರನ್ನು ಕೈಯಿಂದ ಒಂದು ಸುತ್ತು ತಿರುಗಿಸುತ್ತ. ಎಲ್ಲ ಕಡೆ ಒಂದೇ ಸಮನಾದ ಕಂದು ಬಣ್ಣ ಇದ್ದರೆ ಬಹಳ ಒಳ್ಳೆಯದು, ಅದನ್ನು ಕೊಳೆ ಎಂದುಕೊಂಡು ಉಜ್ಜಿ ಬೆಳಗಿಸಬೇಡಿ. ಅದೇ ರಕ್ಷಣೆಯ ಪದರ. ಅಲ್ಲಲ್ಲಿ ಕರಿಕಲೆ ಇದ್ದರೆ ತೀರಾ ನಯವಾದ ಸ್ಯಾಂಡ್ ಪೇಪರಿನಿಂದ ಹಗುರಾಗಿ ಒರೆಸಬಹುದು. ಎಮರಿ ಪೇಪರ್ ಬೇಡ, ಅದರ ಗಟ್ಟಿ ಕಣಗಳು ಪಟ್ಟಿಗಳ ಸಂದಿಯಲ್ಲಿ ಕೂತು ತೊಂದರೆ ಕೊಡುತ್ತವೆ. ಪಕ್ಕಪಕ್ಕದ ಪಟ್ಟಿಗಳು ಮಾತ್ರ ಸುಟ್ಟು ಕರಿಯಾಗಿದ್ದರೆ, ಆಳವಾದ ಗೀರು ಇದ್ದರೆ, ಪಟ್ಟಿ ಎದ್ದು ಬಂದಿದ್ದರೆ ಹೊಸ ಕಾರ್ಬನ್ ಹಾಕಿಯೂ ಪ್ರಯೋಜನವಿಲ್ಲ. ಹಾಕಿದರೂ ಬೇಗ ತಿಂದುಹಾಕುತ್ತದೆ. ಅಲ್ಲಿ ಆರ್ಮೇಚರ್ ತಜ್ಞರ ಕೆಲಸ.

ಯಾವ ಊರಲ್ಲಿ ಎಲ್ಲಿ ಕೇಳುವುದು?

ಅನುಕೂಲವೆಂದರೆ ಈ ಬಿಡಿಭಾಗಕ್ಕೆ ಭಾಷೆಯ ಗಡಿ ಇಲ್ಲ. ಎಲ್ಲ ಊರಲ್ಲೂ ಇದಕ್ಕೆ ಹೆಸರು 'ಕಾರ್ಬನ್'. ಪುಣೆಯಲ್ಲಿ 'ಕಾರ್ಬನ್ ಬದಲೂನ್ ದ್ಯಾ', ದಿಲ್ಲಿಯಲ್ಲಿ 'ಕಾರ್ಬನ್ ಬದಲ್ ದೀಜಿಯೇ', ಹೈದರಾಬಾದಿನಲ್ಲಿ 'ಕಾರ್ಬನ್ ಮಾರ್ಚಂಡಿ', ಚೆನ್ನೈಯಲ್ಲಿ 'ಕಾರ್ಬನ್ ಮಾತ್ತಿ ಕುಡುಂಗ'. ಇಷ್ಟು ಹೇಳಿದರೆ ಅಂಗಡಿಯವನಿಗೆ ನಿಮಗೆ ವಿಷಯ ಗೊತ್ತಿದೆ ಎಂಬುದೂ ಗೊತ್ತಾಗುತ್ತದೆ. 'ಮೋಟಾರ್ ನೋಡಿ' ಎಂದು ಕೊಡುವುದಕ್ಕೂ 'ಕಾರ್ಬನ್ ತೆಗೆದು ತೋರಿಸಿ' ಎಂದು ಕೊಡುವುದಕ್ಕೂ ಬಿಲ್ಲಿನಲ್ಲಿ ವ್ಯತ್ಯಾಸವಿದೆ.

ಪವರ್ ಟೂಲ್‌ಗಳ ಕಾರ್ಬನ್ ಬಡಾವಣೆಯ ಹಾರ್ಡ್‌ವೇರ್ ಅಂಗಡಿಯಲ್ಲೂ, ಮಿಕ್ಸಿಯದು ರಿಪೇರಿ ಅಂಗಡಿಯಲ್ಲೂ ಸಿಗುತ್ತದೆ. ಅಲ್ಲಿ ಇಲ್ಲದಿದ್ದರೆ ಪೇಟೆಗೆ ಹೋಗಿ: ಪುಣೆಯಲ್ಲಿ ಬುಧವಾರ ಪೇಟೆಯ ತಪಕೀರ್ ಗಲ್ಲಿ, ಮುಂಬೈಯಲ್ಲಿ ಲೋಹಾರ್ ಚಾಳ್, ಹೈದರಾಬಾದಿನಲ್ಲಿ ಟ್ರೂಪ್ ಬಜಾರ್, ದಿಲ್ಲಿಯಲ್ಲಿ ಚಾಂದನಿ ಚೌಕದ ಭಗೀರಥ ಪ್ಯಾಲೇಸ್. ಬೆಂಗಳೂರಿಗೆ ಹೋಗುವವರಿದ್ದರೆ ಎಸ್.ಪಿ. ರೋಡ್ ಇದ್ದೇ ಇದೆ. ಹಳೆಯ ಕಾರ್ಬನ್ ಕೈಯಲ್ಲಿ ಹಿಡಿದುಕೊಂಡೇ ಹೋಗಿ. ಅಗಲ, ದಪ್ಪ, ಸ್ಪ್ರಿಂಗಿನ ತುದಿಯ ಆಕಾರ ಮೂರೂ ಹೊಂದಬೇಕು. ಸ್ವಲ್ಪ ದೊಡ್ಡದನ್ನು ಉಜ್ಜಿ ಹಾಕಿಕೊಡುತ್ತೇನೆ ಎಂದರೆ ಬೇಡ ಎನ್ನಿ. ಗೂಡಿನಲ್ಲಿ ಬಿಗಿಯಾದರೆ ಸಿಕ್ಕಿಕೊಳ್ಳುತ್ತದೆ, ಸಡಿಲಾದರೆ ಅಲ್ಲಾಡಿ ಕಿಡಿ ಕಾರುತ್ತದೆ. ಒಂದೇ ಸವೆದಿದ್ದರೂ ಬದಲಿಸುವುದು ಜೊತೆಯನ್ನೇ.

ಹಾಕಿದ ಮೇಲೆ ಹೊಸ ಬ್ರಷ್‌ನ ಚಪ್ಪಟೆ ತುದಿ ದುಂಡಗಿನ ತಾಮ್ರಕ್ಕೆ ಹೊಂದಲು ಸ್ವಲ್ಪ ಸಮಯ ಬೇಕು. ಹೊರೆಯಿಲ್ಲದೆ, ಮಿಕ್ಸಿಯಾದರೆ ಖಾಲಿಯಾಗಿ ಕಡಿಮೆ ವೇಗದಲ್ಲಿ, ಒಂದೊಂದು ನಿಮಿಷದಂತೆ ನಡುವೆ ಬಿಡುವು ಕೊಟ್ಟು ಓಡಿಸಿ. ಮೊದಲು ಕಿಡಿ ತುಸು ಹೆಚ್ಚು ಕಾಣುತ್ತದೆ, ಆಮೇಲೆ ಇಳಿಯುತ್ತದೆ. ಇಳಿಯದಿದ್ದರೆ ನಿಲ್ಲಿಸಿ, ತಾಮ್ರವನ್ನು ಮತ್ತೊಮ್ಮೆ ನೋಡಿಸಿ.

ಈಗ ಬ್ಯಾಟರಿಯ ಡ್ರಿಲ್ಲುಗಳಲ್ಲಿ, ಹೊಸ ವಾಷಿಂಗ್ ಮಷಿನ್ನುಗಳಲ್ಲಿ ಬ್ರಷ್‌ಲೆಸ್ ಮೋಟಾರ್ ಬರುತ್ತಿದೆ. ಅಲ್ಲಿ ಬ್ರಷ್ ಮಾಡುತ್ತಿದ್ದ ಕೆಲಸವನ್ನು ಎಲೆಕ್ಟ್ರಾನಿಕ್ ಸರ್ಕಿಟ್ ಮಾಡುತ್ತದೆ. ಸವೆಯಲು ಏನಿಲ್ಲ, ಕಿಡಿ ಇಲ್ಲ, ಬ್ಯಾಟರಿ ಹೆಚ್ಚು ಹೊತ್ತು ಬರುತ್ತದೆ. ಕೊಳ್ಳುವಾಗ ಬೆಲೆ ಹೆಚ್ಚು. ಆ ಸರ್ಕಿಟ್ ಕೆಟ್ಟರೆ ಮಾತ್ರ ಅದನ್ನು ಹಾರ್ಡ್‌ವೇರ್ ಅಂಗಡಿಯಲ್ಲಿ ಎಂಬತ್ತು ರೂಪಾಯಿಗೆ ತಂದು ಹಾಕಲು ಆಗುವುದಿಲ್ಲ. ದಿನವಿಡೀ ದುಡಿಯುವ ಯಂತ್ರಕ್ಕೆ ಅದು ಒಳ್ಳೆಯದು. ವರ್ಷಕ್ಕೆ ಹತ್ತು ತೂತು ಕೊರೆಯುವ ಮನೆಗೆ ಬ್ರಷ್ ಇರುವ ಡ್ರಿಲ್ಲೇ ಸಾಕು.

ನಮ್ಮಲ್ಲಿ ಆಯುಧ ಪೂಜೆಯ ದಿನ ಯಂತ್ರಗಳನ್ನು ಒರೆಸಿ, ಅರಿಶಿನ ಕುಂಕುಮ ಹಚ್ಚಿ, ಚೆಂಡುಹೂವು ಇಡುವ ಪದ್ಧತಿ ಇದೆ. ಊರು ಬಿಟ್ಟವರೂ ಅದನ್ನು ಬಿಟ್ಟಿಲ್ಲ. ಬೈಕಿಗೆ, ಲ್ಯಾಪ್‌ಟಾಪಿಗೆ ಕೂಡ ಹೂವು ಇಡುತ್ತೇವೆ. ಈ ಸಲ ಹೂವು ಇಡುವ ಮೊದಲು ಡ್ರಿಲ್ಲಿನ, ಹೊಲಿಗೆ ಮೋಟಾರಿನ ಮುಚ್ಚಳ ಬಿಚ್ಚಿ ಕಾರ್ಬನ್ ಎಷ್ಟು ಉಳಿದಿದೆ ನೋಡಿ. ಮಿಕ್ಸಿಯ ಗಾಳಿ ಕಿಂಡಿಯ ಮಸಿ ಒರೆಸಿ, ದೀಪ ಆರಿಸಿ ಒಂದು ನಿಮಿಷ ಕಿಡಿಯ ಬಣ್ಣ ನೋಡಿ. ನಿಮ್ಮ ಮನೆಗೋ ಕಟ್ಟಡಕ್ಕೋ ಕೆಲಸಕ್ಕೆ ಬರುವ ನಮ್ಮ ಕಡೆಯ ಹುಡುಗರು ಮಷಿನ್ ತಟ್ಟಿ ತಟ್ಟಿ ಶುರು ಮಾಡುತ್ತಿರುವುದು ಕಂಡರೆ, ಕನ್ನಡದಲ್ಲೇ ಒಂದು ಮಾತು ಹೇಳಿ: 'ತಮ್ಮಾ, ಕಾರ್ಬನ್ ನೋಡಿಸು.'